ನಿಲ್ಲದ ವೈಪರ್‌ಗೆ ಏಳು ಸಾಕ್ಷಿಗಳು

2025ನೆಯ ಇಸವಿ ಏಪ್ರಿಲ್ 24, ಗುರುವಾರ. ಕಪನೂರ ದಾಟಿದಲ್ಲಿಂದ ಕಮಲಾಪುರದವರೆಗೆ ನಮ್ಮ ಕಾರಿನ ವೈಪರ್‌ಗಳು ಮುಂದಿನ ಗಾಜನ್ನು ಒಂದು ಸಾವಿರದ ಎಂಟುನೂರ ತೊಂಬತ್ತು ಬಾರಿ ಒರೆಸಿದವು. ನಿಮಿಷಕ್ಕೆ ನಲವತ್ತೆರಡರಂತೆ ನಲವತ್ತೈದು ನಿಮಿಷ. ಆ ಅವಧಿಯಲ್ಲಿ ಬಿದ್ದ ಮಳೆಹನಿಗಳ ಸಂಖ್ಯೆ ಸೊನ್ನೆ. ಹೊರಗೆ ನಲವತ್ತಮೂರು ಡಿಗ್ರಿ ಬಿಸಿಲಿತ್ತು.

ಕಾರು ನಡೆಸುತ್ತಿದ್ದವಳು ನನ್ನ ಹೆಂಡತಿ ಭಾಗಮ್ಮ. ಅವಳ ವಯಸ್ಸು ಅರವತ್ತೊಂದು ವರ್ಷ. ಅವಳ ಲೈಸೆನ್ಸಿನ ವಯಸ್ಸು ಎರಡು ತಿಂಗಳು. ಪಕ್ಕದಲ್ಲಿ ಕುಳಿತು ಎಣಿಸುತ್ತಿದ್ದವನು ನಾನು, ಅಣವೀರಪ್ಪ. ಮೂವತ್ತನಾಲ್ಕು ವರ್ಷ ಗಣಿತ ಕಲಿಸಿ ನಿವೃತ್ತನಾಗಿ, ಈಗ ಕಲಬುರಗಿಯ ಗಾಜಿಪುರದ ಮನೆಯಲ್ಲಿದ್ದೇನೆ.

ಭಾಗಮ್ಮನ ತಂಗಿ ಸುನಂದಾ ಕಮಲಾಪುರದಲ್ಲಿದ್ದಾಳೆ. ಮದುವೆಯಾದಂದಿನಿಂದ ಅಕ್ಕ ತಂಗಿಯರು ವರ್ಷಕ್ಕೆ ನಾಲ್ಕು ಬಾರಿ ಭೇಟಿಯಾಗುತ್ತಿದ್ದರು. ಆ ಸಂಖ್ಯೆಯನ್ನು ನಿಗದಿ ಮಾಡಿದವನು ನಾನೇ. ಮೂವತ್ತೇಳು ಕಿಲೋಮೀಟರ್ ದೂರಕ್ಕೆ ಅದು ಸರಿಯಾದ ಪ್ರಮಾಣವೆಂದು ನನಗೆ ತೋರಿತ್ತು. ಲೈಸೆನ್ಸ್ ಬಂದ ಮೇಲೆ ಭಾಗಮ್ಮ ನನ್ನನ್ನು ಕೇಳದೆ ಪ್ರತಿ ಗುರುವಾರ ಹೊರಡಲಾರಂಭಿಸಿದಳು. ಅಂದು ಹತ್ತನೆಯ ಗುರುವಾರ.

ಅವಳು ಡ್ರೈವಿಂಗ್ ಕಲಿತ ಕಾರಿನಲ್ಲಿ ಇಂಡಿಕೇಟರಿನ ಕಡ್ಡಿ ಎಡಕ್ಕಿತ್ತು. ನಮ್ಮ ಕಾರಿನಲ್ಲಿ ಎಡಗಡೆಯ ಕಡ್ಡಿ ವೈಪರಿನದು. ಆದ್ದರಿಂದ ತಿರುವು ಬಂದಾಗ ಭಾಗಮ್ಮ ಒಮ್ಮೊಮ್ಮೆ ವೈಪರ್ ಹಾಕುತ್ತಿದ್ದಳು. ಹತ್ತು ಗುರುವಾರಗಳಲ್ಲಿ ಹತ್ತೊಂಬತ್ತು ಬಾರಿ. ಹತ್ತೊಂಬತ್ತನೆಯದು ಅಂದು ಕಪನೂರದ ಆಚೆ, ತೊಗರಿ ಚೀಲ ಹೇರಿದ ಲಾರಿಯನ್ನು ದಾಟುವಾಗ ಆಯಿತು. ವೈಪರ್ ಎದ್ದಿತು. ಮತ್ತೆ ಮಲಗಲಿಲ್ಲ.

"ಬಂದ್ ಮಾಡು," ಎಂದೆ.

"ಮಾಡೀನ್ರಿ."

"ಮಾಡಿದ್ರ ಯಾಕ ತಿರಗಾಕತ್ತಾವ?"

"ಅವನ್ನೇ ಕೇಳ್ರಿ. ನಾ ಅಂತೂ ಬಂದ್ ಮಾಡೀನಿ."

ನಾನೇ ಕೈ ಚಾಚಿ ಕಡ್ಡಿಯನ್ನು ಮೇಲೆ ಎತ್ತಿದೆ, ಕೆಳಗೆ ಇಳಿಸಿದೆ. ಯಾವ ಸ್ಥಾನದಲ್ಲಿಟ್ಟರೂ ಅದೇ ನಲವತ್ತೆರಡು. ನನ್ನತ್ತ ಎಳೆದಾಗ ಗಾಜಿಗೆ ನೀರು ಚಿಮ್ಮಬೇಕಿತ್ತು. ಆ ನೀರಿನ ಡಬ್ಬಿಯನ್ನು ನಾನು ತುಂಬಿಸುವುದಿಲ್ಲವಾದ್ದರಿಂದ ಒಳಗೇನೋ ಒಣಗಂಟಲಲ್ಲಿ ನರಳಿತು. ಧೂಳು ತುಂಬಿದ ಗಾಜಿನ ಮೇಲೆ ರಬ್ಬರು ಕರಕರ ಸವೆಯುವ ಸದ್ದನ್ನು ಕೇಳುತ್ತ ಕೂರುವುದು ಕಷ್ಟವಾಯಿತು.

"ಹಿಂದಕ್ಕ ತಿರುಗಿಸು. ಕಪನೂರದಾಗ ತೋರಸೂಣು."

"ಸುನಂದಾ ರೊಟ್ಟಿ ಬಡದು ಇಟ್ಟಿರ್ತಾಳ. ವೈಪರ್ ತಿರಗಿದ್ರ ಗಾಲಿ ನಿಂದರಂಗಿಲ್ಲಲ್ರಿ," ಎಂದು ಅವಳು ಗೇರ್ ಬದಲಿಸಿದಳು.

ಎದುರಿಗೆ ಬಂದ ಲಾರಿಯ ಚಾಲಕನೊಬ್ಬ ಕಿಟಕಿಯಿಂದ ಅಂಗೈ ಹೊರಚಾಚಿ ಹನಿಗಾಗಿ ಕಾದ. ಬೈಕಿನ ಮೇಲಿದ್ದ ಗಂಡಹೆಂಡತಿ ಇಬ್ಬರೂ ಆಕಾಶ ನೋಡಿದರು. ನಾನು ನೇರವಾಗಿ ಮುಂದೆ ನೋಡುತ್ತಿದ್ದೆ, ಎಣಿಕೆ ತಪ್ಪಬಾರದಿತ್ತು.

ಕಮಲಾಪುರದಲ್ಲಿ ಸುನಂದಾಳ ಓಣಿಯ ಬಾಯಿಗೆ ದೌಲಪ್ಪನ ಬಾಳೆಹಣ್ಣಿನ ಬಂಡಿ ನಿಲ್ಲುತ್ತದೆ. ಒಳಗಡೆ ಸುನಂದಾಳ ಅಂಗಳದ ಹೊರಸಿನ, ಎಂದರೆ ಹಗ್ಗದ ಮಂಚದ, ಮೇಲೆ ವರ್ಷದ ಶ್ಯಾವಿಗೆ ಒಣಗುತ್ತಿತ್ತು. ಎದುರು ಮನೆಯ ಚಾಂದಬಿ ಅರ್ಧ ಓಣಿಯುದ್ದಕ್ಕೂ ಕೆಂಪು ಮೆಣಸಿನಕಾಯಿ ಹರವಿದ್ದಳು. ಕಲಬುರಗಿ ದಿಕ್ಕಿನಿಂದ ಬಂದ ಕಾರು ಗಾಜು ಒರೆಸಿಕೊಳ್ಳುತ್ತ ತಿರುಗಿದ್ದನ್ನು ಅವಳು ಕಟ್ಟೆಯ ಮೇಲಿನಿಂದ ಕಂಡಳು. ವೈಪರ್ ಆಡುತ್ತಿರುವ ಕಾರು ಮಳೆಯನ್ನು ದಾಟಿ ಬಂದಿರಬೇಕು, ತರ್ಕದಲ್ಲಿ ದೋಷವಿರಲಿಲ್ಲ.

"ಬಹೂ! ಬಾರಿಶ್ ಆರೈ! ಮಿರ್ಚಿ ಉಠಾವ್, ಮಿರ್ಚಿ!"

ಇಬ್ಬರು ಸೊಸೆಯರು ಓಡಿಬಂದು ಮೆಣಸಿನಕಾಯಿಯನ್ನು ಚೀಲಕ್ಕೆ ಬಾಚತೊಡಗಿದರು. ಸುನಂದಾ ಮತ್ತು ಅವಳ ಗಂಡ ಮಹಾದೇವ ಶ್ಯಾವಿಗೆಯ ಹೊರಸನ್ನು ಎರಡು ತುದಿಯಲ್ಲಿ ಹಿಡಿದು ಒಳಗೆ ಒಯ್ದರು. ಬಾಗಿಲಿಗೆ ಅಡ್ಡಲಾಗಿ ಸಿಕ್ಕಿಕೊಂಡಿತು. ದೌಲಪ್ಪ ಬಂಡಿಗೆ ತಾಡಪಾಲು ಎಳೆದ. ನಾವು ಕಾರಿನಿಂದ ಇಳಿಯುವಷ್ಟರಲ್ಲಿ ಆ ಓಣಿಯಲ್ಲಿ ಒಣಗುವ ವಸ್ತು ಒಂದೂ ಉಳಿದಿರಲಿಲ್ಲ. ಮೋಡವೂ ಒಂದೂ ಇರಲಿಲ್ಲ.

"ಮಳಿ ಎಲ್ಲಿತನಕ ಬಂದದ್ರಿ ಮಾಸ್ತರ್?" ಎಂದು ದೌಲಪ್ಪ ಕೇಳಿದ.

"ಮಳಿ ಇಲ್ಲ."

"ಮತ್ತ ಕಾರು ಯಾಕ ಕಣ್ಣೀರು ಒರಸ್ಕೊಳ್ಳಾಕತ್ತದ? ಹೊಟ್ಟಿತುಂಬ ಪೆಟ್ರೋಲ್ ಹಾಕಸಂಗಿಲ್ಲೇನ್ರಿ ನೀವು?"

ಬಂಡಿಯ ಬಳಿ ಹಣ್ಣು ಕೊಳ್ಳುತ್ತಿದ್ದ ಅಪರಿಚಿತನೊಬ್ಬ ಜೋರಾಗಿ ನಕ್ಕ. ಬಿಳಿ ಅಂಗಿ, ಕೈಯಲ್ಲಿ ಕಂದು ಚೀಲ. ಹುಮನಾಬಾದ್ ಬಸ್ಸಿಗೆ ಕಾಯುತ್ತಿದ್ದ. ಚಾಂದಬಿ ನಗಲಿಲ್ಲ. "ನನ್ನ ಮೆಣಸಿನಕಾಯಿ ಮತ್ತ ಹರವೋರು ಯಾರ್ರಿ ಮಾಸ್ತರ್? ನಿಮ್ಮ ಕಾರು ಬಂದು ಹರವ್ತದೇನು?"

ನಾನು ಬಗ್ಗಿ ಚಾವಿ ತಿರುಗಿಸಿ ಕಾರು ಬಂದ್ ಮಾಡಿದೆ. ವೈಪರ್‌ಗಳು ಗಾಜಿನ ನಡುವೆ ನಿಂತವು. ಅನಂತರ, ಕಾರು ನಿಲ್ಲಿಸಿದಲ್ಲೆಲ್ಲ ಮಾಡುವಂತೆ, ಹಳೆಯ ಧೋತರದ ತುಂಡೊಂದನ್ನು ಅರ್ಧ ತಂಬಿಗೆ ನೀರಿನಲ್ಲಿ ತೋಯಿಸಿ ಸ್ಟೀರಿಂಗಿನ ಮೇಲೆ ಹೊದಿಸಿದೆ. ನಮ್ಮ ಕಡೆಯ ಬೇಸಿಗೆಯಲ್ಲಿ ಅರ್ಧ ಗಂಟೆ ನಿಂತ ಕಾರಿನ ಸ್ಟೀರಿಂಗನ್ನು ಬರಿಗೈಯಿಂದ ಮುಟ್ಟಲಾಗದು. ಜನ ಅದಕ್ಕೆಂದು ಬೆಳ್ಳಿಬಣ್ಣದ ಪರದೆಗಳನ್ನು ಕೊಳ್ಳುತ್ತಾರೆ. ಧೋತರದ ತುಂಡು ಮನೆಯಲ್ಲೇ ಇರುವಾಗ ಪರದೆ ಏಕೆ ಎಂಬುದು ನನ್ನ ಪ್ರಶ್ನೆ.

ಬಳಿಕ ಚಾವಿಯನ್ನು ಮತ್ತೆ ತಿರುಗಿಸಿ, ಫ್ಯೂಜುಗಳ ಡಬ್ಬಿ ತೆರೆದು, ಒಂದು ಸಲಕ್ಕೆ ಒಂದರಂತೆ ಕೀಳುತ್ತ ಪರೀಕ್ಷೆ ಆರಂಭಿಸಿದೆ. ಮೊದಲನೆಯದಕ್ಕೆ ಹಾರ್ನ್ ಹೋಯಿತು. ನಾಲ್ಕನೆಯದಕ್ಕೆ ಒಳಗಿನ ದೀಪ ಹೋಯಿತು. ಏಳನೆಯದಕ್ಕೆ ವೈಪರ್ ನಿಂತಿತು. ಆದರೆ ಸರಿಯಾಗಿ ಚಾಲಕನ ಮೂಗಿನ ನೇರಕ್ಕೆ ನಿಂತಿತು, ಜೊತೆಗೆ ಇಂಡಿಕೇಟರನ್ನೂ ಕರೆದೊಯ್ದಿತು. ಮತ್ತೆ ಹಾಕಬೇಕಾಯಿತು. ಕರೆಂಟು ಬರುತ್ತಿದೆ, ಮೋಟರು ತಿರುಗುತ್ತಿದೆ. ನಿಲ್ಲಿಸುವ ಕಡ್ಡಿ ಮಾತ್ರ ನಿಲ್ಲಿಸುತ್ತಿಲ್ಲ. ಆ ಕಡ್ಡಿಯನ್ನು ಹತ್ತೊಂಬತ್ತು ಬಾರಿ ಅಕಾರಣವಾಗಿ ತಿರುವಿದವರು ಒಬ್ಬರೇ.

ಓಣಿಯಲ್ಲಿ ಎಲ್ಲರೂ ಕೇಳುವಂತೆ ತೀರ್ಪು ಹೇಳಿದೆ. "ಇದು ಕೈಯ ತಪ್ಪು. ಕಾರಿನ ತಪ್ಪಲ್ಲ. ಹತ್ತೊಂಬತ್ತು ಸಲ ತಪ್ಪು ಕಡ್ಡಿ ತಿರುವಿ ಭಾಗಮ್ಮ ಸ್ವಿಚ್ ಮುರದಾಳ. ಇವತ್ತಿಂದ ಚಾವಿ ನನ್ನ ಕಡಿ ಇರ್ತದ. ವರ್ಷಕ್ಕ ನಾಲ್ಕು ಸಲ ನಾನೇ ಕರಕೊಂಡು ಬರ್ತೀನಿ."

ಸುನಂದಾ ಅಕ್ಕನ ಮುಖ ನೋಡಿದಳು. "ಮಾಮಾ, ಹತ್ತೊಂಬತ್ತು ಸಲ ತಿರುವಿದ್ರ ಮುರೀತದೇನ್ರಿ? ಮಳಿಗಾಲದಾಗ ನೀವು ಹಾಕಂಗಿಲ್ಲೇನು?"

"ಅವರು ಹಾಕಂಗಿಲ್ಲವ್ವ," ಎಂದಳು ಭಾಗಮ್ಮ. "ಮಳಿ ಬಂದ್ರ ಗಿಡದ ಕೆಳಗ ಕಾರು ನಿಲ್ಲಿಸಿ ಕಾಯ್ತಾರ." ನಂತರ ನನ್ನತ್ತ ತಿರುಗಿದಳು. ಅವಳ ದನಿ ಏರಲಿಲ್ಲ. "ತಪ್ಪು ನಂದಲ್ಲ ಅಂತ ಆದ್ರ?"

"ಇದೇ ಮಂದಿ ಮುಂದ ಹೇಳ್ತೀನಿ."

"ಎಷ್ಟು ಮಂದಿ ಇದ್ದಾರ, ಎಣಿಸ್ಕೊಂಡೀರಲ್ಲ?"

ಎಣಿಸಿದ್ದೆ. ಸುನಂದಾ, ಮಹಾದೇವ, ಚಾಂದಬಿ, ಅವಳ ಇಬ್ಬರು ಸೊಸೆಯರು, ದೌಲಪ್ಪ, ಆ ಅಪರಿಚಿತ. ಏಳು.

ಊಟವಾಯಿತು. ಹೊರಡುವಾಗ ಸುನಂದಾ ಮೂರು ತಿಂಗಳಿಗೆ ಸಾಕಾಗುವಷ್ಟು ಶ್ಯಾವಿಗೆ ಕಟ್ಟಿಕೊಟ್ಟಳು. ಆ ಪ್ರಮಾಣವನ್ನು ನಾನು ಗಮನಿಸಿದೆ.

ಮರಳಿ ಬರುವಾಗ ನಾನೇ ನಡೆಸಿದೆ. ವೈಪರ್‌ಗಳೂ ನಡೆದವು. ಕಪನೂರದಲ್ಲಿ ಕಾರುಗಳ ವೈರಿಂಗ್ ನೋಡುವ ಖಮರುದ್ದೀನನ ಅಂಗಡಿಯಿದೆ. ನೆರಳಿಲ್ಲದ್ದರಿಂದ ಅಲ್ಲಿಯೂ ಒದ್ದೆ ಬಟ್ಟೆ ಹೊದಿಸಿ ಇಳಿದೆ. ಅಂಗಡಿಯವನು ಭಾಗಮ್ಮನಿಗೆ ಸ್ಟೂಲು ಕೊಟ್ಟು, ಚಹಾ ತರಿಸಿದ. ನಾನು ನನ್ನ ತೀರ್ಪನ್ನು ಪ್ರಮೇಯದಂತೆ ಮೊದಲಿನಿಂದ ಕೊನೆಯವರೆಗೆ ವಿವರಿಸಿದೆ. ಅವನು ಪೂರ್ತಿ ಕೇಳಿದ.

"ಮಾಸ್ಟರ್ ಸಾಬ್, ಲೆಕ್ಕ ನಿಮ್ದು, ವಾಯರ್ ನಂದು. ನಾನೂ ಸ್ವಲ್ಪ ನೋಡ್ಲಿ?"

ಸ್ಟೀರಿಂಗಿನ ಮೇಲಿದ್ದ ಬಟ್ಟೆಯನ್ನು ಎರಡೇ ಬೆರಳಿನಿಂದ ಎತ್ತಿ ಕಾರಿನ ಬಾಗಿಲ ಮೇಲೆ ಹಾಕಿದ. ಸ್ಟೀರಿಂಗಿನ ಕೆಳಗಿನ ಮುಚ್ಚಳ ಬಿಚ್ಚಿ, ಕಡ್ಡಿಯ ಸ್ವಿಚ್ಚಿನ ಪ್ಲಗ್ ಕಿತ್ತು, ಡಬ್ಬಿಯಲ್ಲಿದ್ದ ಬೇರೊಂದು ಹಳೆಯ ಸ್ವಿಚ್ಚನ್ನು ಅಲ್ಲಿಗೆ ಜೋಡಿಸಿದ. ಚಾವಿ ತಿರುಗಿಸಿದ. ವೈಪರ್‌ಗಳು ಒಮ್ಮೆ ಕೆಳಗಿಳಿದು, ಗಾಜಿನ ಬುಡದಲ್ಲಿ ಮಲಗಿದವು. ಮುಂಜಾನೆಯಿಂದ ಮೊದಲ ಬಾರಿಗೆ ನನ್ನ ತಲೆಯೊಳಗೆ ಎಣಿಕೆ ನಿಂತಿತು.

"ಮೋಟರ್ ಪಾಸ್. ರಿಲೇ ಪಾಸ್. ಸ್ವಿಚ್ ಫೇಲ್," ಎಂದ ಖಮರುದ್ದೀನ್.

"ಪ್ರಮೇಯ ಸಾಧಿಸಿದಂತಾಯಿತು," ಎಂದೆ ನಾನು.

ಭಾಗಮ್ಮ ಚಹಾದ ಗ್ಲಾಸಿನೊಳಗೆ ನೋಡುತ್ತಿದ್ದಳು. "ನಾಲ್ಕು ಸಲ ಅಂದ್ರ ಮುಂದಿಂದು ಜುಲೈದಾಗೇನ್ರಿ?" ಎಂದು ಕೇಳಿದಳು.

"ಜುಲೈ ಕೊನೆಗೆ."

"ಸುನಂದಾಗ ಫೋನ್ ಮಾಡಿ ಹೇಳ್ತೀನಿ. ಮುಂದಿನ ವಾರ ಅಕಿ ಹಾದಿ ನೋಡಬಾರದು."

ಖಮರುದ್ದೀನ್ ಅಷ್ಟರಲ್ಲಿ ನಮ್ಮ ಸ್ವಿಚ್ಚನ್ನು ಮೇಜಿನ ಮೇಲಿಟ್ಟು ಸಣ್ಣ ಸ್ಕ್ರೂಡ್ರೈವರಿನಿಂದ ಬಿಡಿಸಿದ್ದ. ಒಳಗೆ ನೋಡಿ, "ಯಾ ಅಲ್ಲಾ," ಎಂದ. ನನ್ನನ್ನು ಕರೆದು ತೋರಿಸಿದ. ತಾಮ್ರದ ತುಂಡುಗಳ ಮೇಲೆ ಹಸಿರು ಕಿಲುಬು. ಅದರ ಸುತ್ತ ಉಪ್ಪಿನಂಥ ಬಿಳಿ ಪದರ. ಆ ಪದರವೇ ಎರಡು ತುಂಡುಗಳನ್ನು ಕೂಡಿಸಿ ಹಿಡಿದಿತ್ತು.

"ತಿರುವಿ ತಿರುವಿ ಸವದ ಸ್ವಿಚ್ ಹಿಂಗ ಇರಂಗಿಲ್ಲ, ಸಾಬ್. ಅದು ಒಳಗ ನುಣ್ಣಗಾಗಿರ್ತದ. ಇದು ನೀರಿನ ಕೆಲಸ. ಬೋರವೆಲ್ ನೀರು. ಯಾರೋ ಇದಕ್ಕ ದಿನಾ ಸ್ನಾನ ಮಾಡಿಸ್ಯಾರ."

"ಏಪ್ರಿಲ್ ತಿಂಗಳದಾಗ ಕಾರಿನೊಳಗ ನೀರು ಎಲ್ಲಿಂದ ಬರ್ತದ?" ಎಂದು ಗಡುಸಾಗಿ ಕೇಳಿದೆ.

ಅವನೂ ಭಾಗಮ್ಮನೂ ಕಾರಿನ ಬಾಗಿಲ ಕಡೆ ನೋಡುತ್ತಿದ್ದರು. ಅಲ್ಲಿ ನೇತಾಡುತ್ತಿದ್ದ ಧೋತರದ ತುಂಡಿನಿಂದ ಹನಿಗಳು ಬೀಳುತ್ತಿದ್ದವು. ನಾನು ಐದು ಎಣಿಸಿದೆ. ಐದನೆಯದು ಬೀಳುವಷ್ಟರಲ್ಲಿ ನನಗೆ ತಿಳಿದಿತ್ತು.

"ಎಷ್ಟು ವರ್ಷದಿಂದ ಹಾಕಾಕತ್ತೀರ್ರಿ ಅದನ್ನ?" ಎಂದು ಭಾಗಮ್ಮ ಮೆಲ್ಲಗೆ ಕೇಳಿದಳು.

"ಏಳು ಬ್ಯಾಸಗಿ."

"ಒಂದ್ ಬ್ಯಾಸಗಿಗೆ ಎಷ್ಟು ದಿನ?"

"ತೊಂಬತ್ತು."

"ದಿನಕ್ಕ?"

"ಎರಡು ಸಲ."

"ಗುಣಿಸ್ರಲ್ಲ."

ಗುಣಿಸುವ ಅಗತ್ಯವಿರಲಿಲ್ಲ. ಉತ್ತರ ತಾನಾಗಿ ಬಂದಿತ್ತು. "ಸಾವಿರದ ಎರಡುನೂರಾ ಅರವತ್ತು."

"ಒಂದ್ಕಡಿ ಹತ್ತೊಂಬತ್ತು, ಒಂದ್ಕಡಿ ಸಾವಿರದ ಎರಡುನೂರಾ ಅರವತ್ತು. ಯಾವುದು ದೊಡ್ಡದ್ರಿ?"

"ಎರಡನೇದು," ಎಂದೆ. ತಪ್ಪು ಉತ್ತರ ಹೇಳುವುದು ನನ್ನಿಂದಾಗದು.

ಖಮರುದ್ದೀನ್ ಮುಖ ತಿರುಗಿಸಿ ಬಹಳ ಹೊತ್ತು ಕೆಮ್ಮಿದ. ಬಳಿಕ ಪೆಟ್ರೋಲು, ಬ್ರಷ್, ಉಸುಕಿನ ಕಾಗದ ಹಿಡಿದು ಕಿಲುಬನ್ನೆಲ್ಲ ತೆಗೆದು, ಗಾಳಿ ಊದಿ, ನಮ್ಮ ಸ್ವಿಚ್ಚನ್ನೇ ಮರಳಿ ಕೂರಿಸಿದ. "ಒಣಗಿಸಿ ಇಟ್ರ ಇನ್ನೂ ಎರಡು ಮೂರು ವರ್ಷ ನಡೀತದ, ಮಾಸ್ಟರ್ ಸಾಬ್. ತೋಯಿಸಿದ್ರ ಮಾತ್ರ ನಾ ಜವಾಬ್ದಾರ ಅಲ್ಲ." ಕಡ್ಡಿ ಮೇಲೆತ್ತಿದರೆ ವೈಪರ್ ಎದ್ದಿತು, ಇಳಿಸಿದರೆ ಮಲಗಿತು.

ನಾನು ಚಾವಿಯನ್ನು ಭಾಗಮ್ಮನ ಮುಂದೆ ಹಿಡಿದೆ. ಅವಳು ತೆಗೆದುಕೊಳ್ಳಲಿಲ್ಲ.

"ಏಳು ಮಂದಿ?" ಎಂದಳು.

"ಮುಂದಿನ ಗುರುವಾರ ಹೇಳ್ತೀನಿ."

"ಎಂಟು ದಿನ ನಾ ಸ್ವಿಚ್ ಮುರದಾಕಿ ಆಗಿ ಇರಬೇಕೇನು?"

ನ್ಯಾಯವಾದ ಪ್ರಶ್ನೆ. ನಾನು ಎಡಗಡೆಯ ಬಾಗಿಲಿಗೆ ಹೋಗಿ ಕುಳಿತೆ. ಅವಳು ಚಾವಿ ಇಸಿದುಕೊಂಡು, ಬಿಸಿ ಸ್ಟೀರಿಂಗನ್ನು ಸೆರಗಿನಿಂದ ಹಿಡಿದು, ಬಲಗೈಯಿಂದ ಸರಿಯಾದ ಕಡ್ಡಿಯನ್ನೇ ಎತ್ತಿ, ಮನೆಯ ದಿಕ್ಕನ್ನು ಬಿಟ್ಟು ಕಮಲಾಪುರದ ದಿಕ್ಕಿಗೆ ಕಾರು ತಿರುಗಿಸಿದಳು. ಹೋಗಿ ಬರುವ ಅರವತ್ತು ಕಿಲೋಮೀಟರಿನ ಪೆಟ್ರೋಲು ನನ್ನ ಮನಸ್ಸಿಗೆ ಬಂತು. ಬಾಯಿಗೆ ಬರಲಿಲ್ಲ.

ಸಂಜೆ ಐದೂ ನಲವತ್ತಕ್ಕೆ ಮತ್ತೆ ಆ ಓಣಿಯಲ್ಲಿದ್ದೆವು. ಚಾಂದಬಿಯ ಸೊಸೆಯರು ಮೆಣಸಿನಕಾಯಿಯನ್ನು ಮತ್ತೊಮ್ಮೆ ಹರವಿ ಮುಗಿಸಿದ್ದರು. ಅದರ ಅಂಚಿನಲ್ಲಿ ನಿಂತು ಹೇಳಿದೆ: "ಸ್ವಿಚ್ ಕೆಟ್ಟದ್ದು ಭಾಗಮ್ಮನ ಕೈಯಿಂದ ಅಲ್ಲ. ನಾ ಹಾಕಿದ ನೀರಿನಿಂದ."

"ಜೋರ್ಲೆ ಹೇಳ್ರಿ ಮಾಸ್ತರ್," ಎಂದಳು ಚಾಂದಬಿ. "ಸಣ್ಣ ಸೊಸಿ ಒಳಗ ಇದ್ದಾಳ. ಮುಂಜಾನಿ ಅಕೀನೂ ಕೇಳ್ಯಾಳಲ್ಲ."

ಎರಡನೆಯ ಬಾರಿ ಹೇಳಿದೆ. ಸುನಂದಾ ಬಾಯಿಗೆ ಸೆರಗು ಹಿಡಿದುಕೊಂಡಿದ್ದಳು. ಮಹಾದೇವ ಮಾತ್ರ ನೆಲ ನೋಡುತ್ತಿದ್ದ, ಅವನೂ ಗಂಡನಲ್ಲವೆ. ದೌಲಪ್ಪ ಬಂಡಿ ತೆಗೆದುಕೊಂಡು ಬಸ್ ನಿಲ್ದಾಣಕ್ಕೆ ಹೋಗಿದ್ದ. ಅಲ್ಲಿಗೂ ಹೋಗಿ ಮೂರನೆಯ ಬಾರಿ ಹೇಳಿದೆ. ಅವನು ಗಂಭೀರವಾಗಿ ಕೇಳಿ, ಒಂದು ಕೆಂಪು ಬಾಳೆಹಣ್ಣನ್ನು ಭಾಗಮ್ಮನ ಕೈಗಿಟ್ಟ. ನನಗೆ ಕೊಡಲಿಲ್ಲ.

"ಆರಾತು," ಎಂದೆ. "ಏಳನೇದವರು ಯಾರು, ದೌಲಪ್ಪ? ಬಿಳಿ ಅಂಗಿ?"

"ಯಾರಿಗೊತ್ರಿ? ಅರ್ಧ ಡಜನ್ ಹಣ್ಣು ತಗೊಂಡ್ರು, ಹುಮನಾಬಾದ್ ಬಸ್ ಹತ್ತಿ ಹೋದ್ರು."

"ಸಾಕು ಬಿಡ್ರಿ," ಎಂದಳು ಭಾಗಮ್ಮ, ಹಣ್ಣು ಸುಲಿಯುತ್ತ. ಚಾವಿ ಅವಳ ಚೀಲದಲ್ಲಿತ್ತು; ಈಗಲೂ ಅಲ್ಲೇ ಇದೆ. ಅಂದಿನಿಂದ ಯಾವ ಗುರುವಾರವೂ ತಪ್ಪಿಲ್ಲ.

ಅವಳಿಗೆ ಸಾಕಾಗಿರಬಹುದು. ಆರು ಎಂಬುದು ಏಳಲ್ಲ. ಹುಮನಾಬಾದಿನಲ್ಲೋ ಅದರಾಚೆಯೋ ಒಬ್ಬ ಮನುಷ್ಯ, ನನ್ನ ಹೆಂಡತಿ ಕಾರಿನ ಸ್ವಿಚ್ ಮುರಿದಳೆಂದು ಇಂದಿಗೂ ನಂಬಿದ್ದಾನೆ; ಬಹುಶಃ ನಾಲ್ಕು ಜನಕ್ಕೆ ಹೇಳಿ ನಕ್ಕಿದ್ದಾನೆ. ಈ ಬರಹ ಅವನ ಕಣ್ಣಿಗೆ ಬಿದ್ದರೆ ಲೆಕ್ಕ ಮುಗಿಯುತ್ತದೆ. ಅಲ್ಲಿಯವರೆಗೆ ಆರು ಸಂದಾಯ, ಒಂದು ಬಾಕಿ.