ದಾರಾಬಿಯವರ ಸ್ವಂತ ದನಿ

ನಾರ್ತ್ ಕ್ರೀಕ್‌ನ ಸಿನಿಮಾ ಕೂಟಕ್ಕೆ ಈ ಸಲದ ಕಾರ್ಯಕ್ರಮದ ಹೊಣೆ ತನ್ನದೇ ಎಂದು ಒಪ್ಪಿಕೊಂಡ ಗಳಿಗೆಯನ್ನು ತೇಜಶ್ರೀ ಶಪಿಸಿಕೊಳ್ಳುತ್ತಿದ್ದಳು. ಪಕ್ಕದ ಮನೆಯ ಮನೂಚೆಹರ್ ದಾರಾಬಿ ಇರಾನಿನ ಹಳೆಯ ನಟ. ಅರವತ್ತೊಂದು ಸಿನಿಮಾ ಮಾಡಿ, ಎಂಬತ್ತನಾಲ್ಕನೇ ವಯಸ್ಸಿನಲ್ಲಿ ಈಗ ಈ ಪರದೇಶದಲ್ಲಿ ಮಗಳ ಜೊತೆ ಇದ್ದಾರೆ. ಅವರಿಗೊಂದು ಶಾಲು ಹೊದಿಸಿ, ಅವರ ಸಿನಿಮಾಗಳ ನಾಲ್ಕು ತುಣುಕು ತೋರಿಸಿದರೆ ಮುಗಿಯಿತು ಎಂದುಕೊಂಡಿದ್ದಳು ಪಾಪ.

ಮೂರು ವಾರ ಮುದುಕರು ಅವಳ ಜೀವ ತಿಂದರು. ಒಂದು ಸಿನಿಮಾದಲ್ಲಿ ಮೀಸೆ ಸರಿಯಿಲ್ಲ, ಇನ್ನೊಂದು ಹೊಟ್ಟೆಪಾಡಿಗೆ ಮಾಡಿದ್ದು ಎಂದು ಅವಳ ಪಟ್ಟಿಯನ್ನೆಲ್ಲ ಹೊಡೆದುಹಾಕಿದರು. ಇರಾನಿನಲ್ಲಿ ಕ್ರಾಂತಿಯಾದ ಮೇಲೆ ಏಳು ವರ್ಷ ಅವಕಾಶವಿಲ್ಲದೆ ಪಾತ್ರೆ ಅಂಗಡಿ ಇಟ್ಟಿದ್ದನ್ನು ಪರಿಚಯದಲ್ಲಿ ಬರೆಯಿರಿ ಎಂದವರೇ ಮರುದಿನ ತೆಗೆಯಿರಿ ಎಂದರು.

ಕಾರ್ಯಕ್ರಮದ ದಿನ ಮಧ್ಯಾಹ್ನ ಬಾಗಿಲು ಬಡಿದು ಹೇಳಿದರು: "ಸೌಂಡ್ ಆಫ್ ಮಾಡಿ ತೋರಿಸಿ."

"ಅಂಕಲ್, ಸೌಂಡ್ ಇಲ್ದೆ ಏನು ನೋಡೋದು?"

"ಅದು ನನ್ನ ದನಿಯಲ್ಲ, ಮಗಳೇ. ಆಗೆಲ್ಲ ನಮಗೆ ಬೇರೆಯವರು ದನಿ ಕೊಡ್ತಿದ್ರು. ಮೂವತ್ತೆಂಟು ಸಿನಿಮಾದಲ್ಲಿ ನನ್ನ ಬಾಯಲ್ಲಿ ಒಬ್ಬನೇ ಡಬ್ಬಿಂಗ್ ಕಲಾವಿದ ಮಾತಾಡಿದಾನೆ. ಬೀದೀಲಿ ನಾನು ಬಾಯಿ ಬಿಟ್ರೆ ಜನ ನಗ್ತಿದ್ರು. ಇವತ್ತು ನಾನೇ ಮಾತಾಡ್ತೀನಿ."

"ಮೊದಲೇ ಹೇಳಬಾರದಿತ್ತಾ?" ಎಂಬುದನ್ನು ನುಂಗಿಕೊಂಡು ಒಳಗೆ ಬಂದವಳು ಗಂಡನ ಮೇಲೆ ಹರಿಹಾಯ್ದಳು. "ಸಾಕಾಗ್ಹೋಯ್ತು ಕಣೋ. ಕ್ಯಾನ್ಸಲ್ ಮಾಡ್ಬಿಡ್ತೀನಿ!"

"ಎಂಬತ್ತು ಜನ ಬರ್ತಿದಾರೆ. ಮ್ಯೂಟ್ ಮಾಡಿ ಬಿಸಾಕು," ಎಂದ ವರುಣ್, ಫೋನಿನಿಂದ ತಲೆ ಎತ್ತದೆ.

ಸಂಜೆ ಪರದೆಯ ಪಕ್ಕ ನಿಂತು ದಾರಾಬಿ ಪರ್ಷಿಯನ್ ಭಾಷೆಯಲ್ಲಿ ಮಾತು ಶುರುಮಾಡಿದರು. ಪರದೆಯ ಮೇಲೆ ಎದೆಯುಬ್ಬಿಸಿದ ಗಂಡಸು; ಕೇಳಿಸಿದ್ದು ಮಾತ್ರ ಸಣ್ಣ, ಕೀರಲು ದನಿ. ಮುಂದಿನ ಸಾಲಿನಲ್ಲಿದ್ದ ಇರಾನಿ ಗೃಹಸ್ಥರೊಬ್ಬರು ಎದ್ದೇ ನಿಂತರು. "ದಯವಿಟ್ಟು ನಿಜವಾದ ದನಿ ಹಾಕಿ! ನಾವು ಚಿಕ್ಕಂದಿನಿಂದ ಕೇಳಿದ್ದು ಅದನ್ನ."

ಸಭೆ ನಕ್ಕಿತು. ದಾರಾಬಿಯವರ ಮಾತು ನಿಂತಿತು. ಇಷ್ಟು ದಿನ ಈ ಮನುಷ್ಯ ಬಾಯಿ ಮುಚ್ಚಿದರೆ ಸಾಕೆಂದಿದ್ದ ತೇಜಶ್ರೀಗೆ, ಅವರು ಬಾಯಿ ಮುಚ್ಚಿದ್ದು ನೋಡಿ ಮೈಯೆಲ್ಲ ಉರಿಯಿತು. ಮೈಕ್ ಎತ್ತಿಕೊಂಡಳು.

"ನಿಜವಾದ ದನಿ ಇದೇ ಸರ್. ಕೂತ್ಕೊಳ್ಳಿ."

ಆತ ಗೊಣಗುತ್ತ ಕುಳಿತರು. ಅವಳು ತುಣುಕನ್ನು ಮೊದಲಿನಿಂದ ಹಾಕಿದಳು. ಕೊನೆಯ ತುಣುಕಿನಲ್ಲಿ ತಾಯಿಯನ್ನು ಬೀಳ್ಕೊಡುವ ಮಗನ ಮಾತು. ಐವತ್ತು ವರ್ಷದ ಹಿಂದಿನ ಆ ತುಟಿಗಳಿಗೆ ಮುದುಕರ ದನಿ ಒಂದಕ್ಷರವೂ ತಪ್ಪದೆ ಕೂಡಿಕೊಂಡಿತು. ಯಾರೂ ನಗಲಿಲ್ಲ. ಅರ್ಧ ಸಭೆ ಎದ್ದು ನಿಂತು ಚಪ್ಪಾಳೆ ತಟ್ಟಿತು. ಮುಂದಿನ ಸಾಲಿನವರು ಕೋಟು ಹಾಕಿಕೊಂಡು ಹೊರಟುಹೋದರು.

ಕಾರಿನಲ್ಲಿ ದಾರಾಬಿ ಬಹಳ ಹೊತ್ತು ಕಣ್ಣೊರೆಸಿಕೊಂಡರು.

"ಮೂರನೇ ತುಣುಕು ಎರಡು ಸೆಕೆಂಡು ತಡವಾಗಿ ಶುರುಮಾಡಿದ್ರಿ," ಎಂದರು ಅವರು.

ತೇಜಶ್ರೀ ಸ್ಟಿಯರಿಂಗನ್ನು ಬಿಗಿಯಾಗಿ ಹಿಡಿದು ಗಾಡಿ ಓಡಿಸಿದಳು.