ಅಂಟಿಸಿದ ಮಾತು

೧.
ಮೂಕಿ ಚಿತ್ರದ ನಟಿಯೊಬ್ಬಳ ಕಥೆಯನ್ನು ಮಾತಿನಿಂದ ಶುರುಮಾಡುವುದೇ ಮೋಸ ಅಲ್ಲವೇ? ಹಾಗಂತ ಖಾಲಿ ಪುಟ ಕೊಟ್ಟರೆ ನೀವು ಸುಮ್ಮನಿರುವವರಲ್ಲ. ಆದ್ದರಿಂದ ಮನೆ ಓನರಮ್ಮನಿಂದ ಶುರುಮಾಡುತ್ತೇನೆ. ಆಕೆಗೆ ಮಾತಿನ ಕೊರತೆಯಿಲ್ಲ.

"ನಿನ್ನ ಸಿನಿಮಾ ನೋಡ್ದೆ ಕಣಮ್ಮ. ಮದುವೆ ಆಗದೆ ಮಗು ಹೆತ್ತೋಳಿಗೆ ಇಲ್ಲಿ ಜಾಗ ಇಲ್ಲ, ನಾಳೇನೇ ರೂಮು ಖಾಲಿ ಮಾಡು."

"ಅದು ಬರೀ ಪಾತ್ರ ಅಮ್ಮ."

"ಮತ್ತೆ ಆ ಮಗು?"

"ಹತ್ತಿ ತುಂಬಿದ ಗೊಂಬೆ."

"ಹೆತ್ತ ಮಗೂನೇ ಗೊಂಬೆ ಅಂತೀಯಲ್ಲ, ಕರುಳು ಅನ್ನೋದು ಇದೆಯಾ ನಿಂಗೆ?"

೨.
(ಇಲ್ಲಿ ನಟಿ ಅಳಬೇಕಿತ್ತು. ಡ್ರಾಫ್ಟಿನಲ್ಲಿ ಅತ್ತೂ ಇದ್ದಳು. ಈಗ ಕತ್ತೆತ್ತಿ ನನ್ನನ್ನೇ ನೋಡುತ್ತಿದ್ದಾಳೆ.)

"ತೆರೆ ಮೇಲೆ ಅತ್ತಿದ್ದು ಸಾಲದಾ? ಈ ಊರಲ್ಲಿ ಇನ್ಯಾರೂ ನಂಗೆ ರೂಮು ಕೊಡಲ್ಲ. ಬರೆಯೋರು ನೀವು ತಾನೇ, ಏನಾದ್ರೂ ಮಾಡಿ."

'ಓನರಮ್ಮನ ಮನಸ್ಸು ಕರಗಿತು' ಎಂದು ಬರೆದೆ. ಇಬ್ಬರೂ ನಕ್ಕರು. ಹೊಡೆದುಹಾಕಿದೆ.

೩.
ಮೂಕಿಯಲ್ಲಿ ಮಾತು ಬರುವುದು ದೃಶ್ಯಗಳ ನಡುವೆ ತೋರಿಸುವ ಬರಹದ ಕಾರ್ಡಿನ ಮೇಲೆ. ಕಾರ್ಡಿಗೆ ಮುಂಚೆ ಯಾರ ಮುಖ ಕಂಡಿತೋ, ಮಾತು ಅವರದು. 'ತಪ್ಪು ನನ್ನದು' ಎಂಬ ಕಾರ್ಡು ನಟಿಯ ಮುಖದ ನಂತರ ಬರುತ್ತಿತ್ತು. ಆಕೆ ಫಿಲ್ಮು ಅಂಟಿಸುವ ಗೆಳತಿಯ ಬಳಿ ಓಡಿದಳು. ಗೆಳತಿ ಆ ಕಾರ್ಡನ್ನು ಕತ್ತರಿಸಿ, ಅದೇ ಚಿತ್ರದ ಸಾಹುಕಾರನ ಪಾತ್ರಧಾರಿ ಮೀಸೆ ತೀಡುವ ತುಣುಕಿನ ನಂತರ ಅಂಟಿಸಿದಳು.

"ಇಷ್ಟಕ್ಕೇ ಸರಿಹೋಗುತ್ತಾ?"

"ಓದಿದ್ದನ್ನ ಜನ ನಂಬ್ತಾರೆ ಕಣೆ."

ನಟಿ ಓನರಮ್ಮನನ್ನು ಮತ್ತೆ ಸಿನಿಮಾಕ್ಕೆ ಕರೆದೊಯ್ದಳು. ಓನರಮ್ಮ ಮೂಗೊರೆಸಿಕೊಳ್ಳುತ್ತ ಹೊರಬಂದಳು. "ಪಾಪದ ಹುಡುಗಿ ನೀನು. ಎಲ್ಲಾ ಆ ಮೀಸೆಯವಂದೇ ಕೆಲಸ. ಮೊದಲ ಸಲ ನಂಗೆ ಕಣ್ಣು ಮಂಜಾಗಿತ್ತು ಅನ್ಸುತ್ತೆ. ನೀನು ಇಲ್ಲೇ ಇರು."

ಶುಭಂ. ಪೆನ್ನಿಗೆ ಮುಚ್ಚಳ ಹಾಕಿಯೂ ಆಗಿತ್ತು. ಆಗ ಯಾರೋ ನಟಿಯ ರೂಮಿನ ಬಾಗಿಲು ತಟ್ಟಿದರು.

೪.
ಮೀಸೆಯವನು. ಕೈಯಲ್ಲಿ ಟ್ರಂಕು. (ನಾನು ಕರೆದಿರಲಿಲ್ಲ.)

"ಅಕ್ಕಾ, ಹೆಂಡ್ತಿ ಸಿನಿಮಾ ನೋಡಿ ಬಂದು ನನ್ನ ಆಚೆ ಹಾಕಿದ್ಲು. ಮೊನ್ನೆವರೆಗೂ ಒಳ್ಳೇವನಾಗೇ ಇದ್ದೆ. ಏನಾಯ್ತು ಅಂತಾನೇ ಗೊತ್ತಾಗ್ತಿಲ್ಲ. ನೀವಾದ್ರೂ ಬಂದು ಅವಳಿಗೆ ಹೇಳಿ."

ಅಷ್ಟರಲ್ಲಿ ಓನರಮ್ಮ ಪೊರಕೆ ಹಿಡಿದೇ ಬಂದಳು. "ಇವನೇ ಅಲ್ವೇನೇ ಅವನು?"

ನಿಜ ಹೇಳಿದರೆ ರೂಮು ಹೋಯಿತು. ಸುಮ್ಮನಿದ್ದರೆ ಇವನ ಸಂಸಾರ ಹೋಯಿತು. ಓದುಗರೇ, ನನ್ನ ಬಳಿ ಎರಡು ಕಾರ್ಡು ಸಿದ್ಧವಿವೆ. ಒಂದರಲ್ಲಿ ಆಕೆ ದೇವತೆ, ಇನ್ನೊಂದರಲ್ಲಿ ಜಾಣೆ.

"ಎರಡೂ ಬೇಡ," ಎಂದಳು ನಟಿ, ನನ್ನ ಕಡೆ ತಿರುಗದೆ. "ನನ್ನ ಮಾತು ನಾನೇ ಆಡ್ತೀನಿ. ನೀವು ಆಚೆ ನಡೀರಿ. ಬಾಗಿಲು ಎಳ್ಕೊಂಡು ಹೋಗಿ."

ಈಗ ಬೀದಿಯಲ್ಲಿ ನಿಂತಿದ್ದೇನೆ. ಕಿಟಕಿಯ ಗಾಜಿನಾಚೆ ಆಕೆಯ ತುಟಿಗಳು ಅಲುಗುತ್ತಿವೆ. ಪೊರಕೆ ಮೇಲಕ್ಕೆದ್ದಿದೆ. ಯಾರ ಮೇಲೆ ಇಳಿಯುತ್ತದೋ... ಸ್ವಲ್ಪ ಸರಿದು ನಿಲ್ಲಿ ಸ್ವಾಮಿ, ನನಗೂ ಕಾಣುತ್ತಿಲ್ಲ.