ಮಡಿಕೆಯಲ್ಲಿ ಬಿಡದ ನಾಲ್ಕು ಬೆರಳು

ಆ ದರ್ಜಿ ಹೊಲಿದ ಮಕ್ಕಳ ಬಟ್ಟೆ ಎರಡು ವರ್ಷ ಬಾಳುತ್ತಿತ್ತು. ಕೆಳಗಿನ ಅಂಚಿನಲ್ಲಿ ನಾಲ್ಕು ಬೆರಳಷ್ಟು ಬಟ್ಟೆಯನ್ನು ಒಳಕ್ಕೆ ಮಡಚಿ ಹೊಲಿಯುತ್ತಿದ್ದ. "ಮಕ್ಕಳು ನಮ್ಮನ್ನ ಕೇಳಿ ಬೆಳೀತಾವಾ?" ಎನ್ನುತ್ತಿದ್ದ. ಭಗವಂತನೂ ಪ್ರತಿ ಜೀವದಲ್ಲಿ ಹೀಗೇ ಒಂದಿಷ್ಟು ಮಡಚಿಟ್ಟೇ ಕಳಿಸುತ್ತಾನೆ ಎಂಬುದು ಅವನ ನಂಬಿಕೆ.

ಅಂಥವನು ಸ್ವಂತ ಮಗಳ ಫ್ರಾಕಿನಲ್ಲಿ ತಪ್ಪಿದ.

ಗಂಡ ಹೆಂಡತಿ ಬೇರೆಯಾಗಿ ವರ್ಷ ದಾಟಿತ್ತು. ಏಳು ವರ್ಷದ ಮಗಳು ತಾಯಿಯ ಬಳಿ. ಎಂಟು ತಿಂಗಳು ಕೋರ್ಟಿಗೆ ಅಲೆದ ಮೇಲೆ, ಅಲ್ಲಿನ ಮಕ್ಕಳ ಕೋಣೆಯಲ್ಲಿ ಶನಿವಾರಕ್ಕೊಂದು ಗಂಟೆ ಮಗಳನ್ನು ನೋಡಲು ಅವನಿಗೆ ಅಪ್ಪಣೆ ಸಿಕ್ಕಿತು. ಆರು ವಾರದಲ್ಲಿ ಮಗು ಒಗ್ಗದಿದ್ದರೆ ಭೇಟಿ ತಿಂಗಳಿಗೊಮ್ಮೆ ಮಾತ್ರ ಎಂದಿದ್ದರು ನ್ಯಾಯಾಧೀಶರು. ಐದು ಶನಿವಾರವೂ ಮಗು ಗೋಡೆಗೆ ಬೆನ್ನು ಕೊಟ್ಟು, ಆಟದ ರೈಲಿನ ಚಕ್ರ ತಿರುಗಿಸುತ್ತ ಮಾತಿಲ್ಲದೆ ಕೂತಿತ್ತು. ಇದು ಆರನೆಯದು.

"ಉಂಡೆ, ನಿಂಗೇನು ತಂದಿದೀನಿ ನೋಡು," ಎಂದು ಪೊಟ್ಟಣ ಬಿಚ್ಚಿದ. ಹುಟ್ಟಿದಾಗ ದಾರದುಂಡೆಯಂತೆ ಗುಂಡಗಿದ್ದಳೆಂದು ಅವನೇ ಇಟ್ಟ ಹೆಸರು.

ಮಗುವಿನ ಜೊತೆ ಬಂದು ಕೂತಿದ್ದ ತಾಯಿ ಎದ್ದು, ಹಾಕಿದ್ದ ಬಟ್ಟೆಯ ಮೇಲೆಯೇ ಫ್ರಾಕು ತೊಡಿಸಿದಳು. ಭುಜದಲ್ಲಿ ಸಿಕ್ಕಿಕೊಂಡಿತು. ಕೆಳಗೆ ಮೊಣಕಾಲಿಗಿಂತ ಗೇಣು ಮೇಲೆಯೇ ನಿಂತಿತು.

ಬಾಗಿಲ ಬಳಿ ಕುರ್ಚಿ ಹಾಕಿಕೊಂಡಿದ್ದ ಕಾವಲಿನ ಅಮ್ಮ ನಕ್ಕಳು. "ಊರಿಗೆಲ್ಲ ಹೊಲಿಯೋನು, ಮನೆ ಮಗೂದೇ ಅಳತೆ ತಪ್ಪಿದ್ಯಲ್ಲಪ್ಪಾ!"

ಹೆಂಡತಿ ಫ್ರಾಕಿನ ಅಂಚು ತಿರುಗಿಸಿ ನೋಡಿದಳು. ಆರು ವರ್ಷ ಅವನ ಅಂಗಡಿಯಲ್ಲಿ ಗುಂಡಿ ಹಾಕಿದವಳು, ಅಳತೆ ಬರೆದವಳು.

"ಮಡಿಕೆ ಬಿಟ್ಟಿಲ್ವಾ?"

"ಮನಸ್ಸು ಬರ್ಲಿಲ್ಲ ಕಣೇ. ನೀವಿಬ್ರೂ ಹೋದಾಗ ಎಷ್ಟಿದ್ಲೋ ಅಷ್ಟೇ ಇರ್ತಾಳೆ ಅಂತ..."

"ಬಿಗಿ ಆಗಿದೆ, ಅಪ್ಪಾ," ಎಂದಿತು ಮಗು. "ಕೈ ಎತ್ತೋಕೆ ಆಗ್ತಿಲ್ಲ."

ಐದು ವಾರ ಬಾರದ 'ಅಪ್ಪಾ' ಬಂದಿತ್ತು. ದರ್ಜಿ ಕೊರಳಿನ ಟೇಪು ತೆಗೆದು ಮಂಡಿಯೂರಿದ. ಹಿಂದೆ ಕತ್ತರಿಸುವ ಮೇಜಿನ ಮೇಲೆ ನಿಲ್ಲುತ್ತಿದ್ದಂತೆಯೇ ಮಗು ತಾನಾಗಿ ನೆಟ್ಟಗೆ ನಿಂತಿತು.

"ಭುಜ ಹನ್ನೊಂದು," ಎಂದು ಕೂಗಿ ಸುಮ್ಮನಾದ. ಅಂಗಡಿಯಲ್ಲಿ ಅವನು ಕೂಗಬೇಕು, ಅವಳು ಬರೆಯಬೇಕು. ಅವಳು "ಹೂಂ" ಎನ್ನದೆ ಟೇಪು ಮುಂದಕ್ಕೆ ಸರಿಯುತ್ತಿರಲಿಲ್ಲ. ಈಗ ಯಾರಿಗಾಗಿ ಕಾಯುತ್ತಿದ್ದೇನೆಂದು ಹೊಳೆದು ಅವನ ಮುಖ ಬಾಡಿತು.

ಹಿಂದೆ ಕಾಗದ ಸರಪರ ಎಂದಿತು. ಹೆಂಡತಿ ವಕೀಲರು ಕೊಟ್ಟ ಲಕೋಟೆಯನ್ನು ಮಗುಚಿ ಪೆನ್ನು ಹಿಡಿದಿದ್ದಳು.

"ಹೂಂ, ಮುಂದೆ."

"ತೋಳು ಹದಿನಾರು... ಇಷ್ಟುದ್ದ ಆಯ್ತಾ ಇವಳ ಕೈ?"

"ಬಿಸ್ಕತ್ತಿನ ಡಬ್ಬ ಎಲ್ಲಿಟ್ರೂ ಎಟುಕುತ್ತೆ."

"ನಾನಲ್ಲ ತಿಂದಿದ್ದು!" ಎಂದಿತು ಮಗು. ಯಾರೂ ಕೇಳಿರಲಿಲ್ಲ. ಮೂವರೂ ನಕ್ಕುಬಿಟ್ಟರು, ನಾಲ್ಕನೆಯವಳಾಗಿ ಬಾಗಿಲಿನ ಅಮ್ಮನೂ.

"ಉದ್ದ ಇಪ್ಪತ್ತಾರು."

"ನಾಲ್ಕು ಬೆರಳು ಜಾಸ್ತಿ ಬಿಡಿ," ಎಂದಳು ಹೆಂಡತಿ. "ಬರ್ಕೊಂಡಿದೀನಿ."

ಭೇಟಿ ಮುಗಿಯಬೇಕಿದ್ದ ಹನ್ನೊಂದು ಗಂಟೆ ದಾಟಿತ್ತು. ಕಾವಲಿನ ಅಮ್ಮ ಮೂಗಿನ ಮೇಲೇ ಇದ್ದ ಕನ್ನಡಕವನ್ನು ಇನ್ನೊಂದಿಷ್ಟು ಹೊತ್ತು ಹುಡುಕಿ, ಕೊನೆಗೆ ಕೋರ್ಟಿಗೆ ಕೊಡುವ ಭೇಟಿಯ ಪುಸ್ತಕ ತೆರೆದಳು.

"ಏನಮ್ಮಾ ಬರೀಲಿ? ಒಗ್ಗಿತು ಅಂತಾನಾ, ಇಲ್ಲ ಅಂತಾನಾ?"

ಹೆಂಡತಿ ಗಂಡನನ್ನು ನೋಡಲಿಲ್ಲ. ಲಕೋಟೆಯನ್ನು ಅವನ ಕೈಗಿಟ್ಟಳು. "ಒಗ್ಗಿತು ಅಂತ ಬರೀರಿ." ಆಮೇಲೆ ಟೇಪಿಗೆ ಹೇಳುವಂತೆ ಹೇಳಿದಳು: "ಹಾಕಿ ನೋಡದೆ ಕೊನೇ ಹೊಲಿಗೆ ಹಾಕ್ಬೇಡಿ. ಬುಧವಾರ ಸ್ಕೂಲ್ ಬಿಟ್ಮೇಲೆ ಅಂಗಡಿಗೇ ಕರ್ಕೊಂಡು ಬರ್ತೀನಿ."

ಬಿಗಿ ಫ್ರಾಕನ್ನು ಮಗು ಬಿಚ್ಚಗೊಡಲಿಲ್ಲ. ತೋಳೆತ್ತಲಾಗದೆ, ಮೊಣಕೈಯಿಂದಷ್ಟೇ ಅಪ್ಪನಿಗೆ ಕೈ ಬೀಸುತ್ತ ಮೆಟ್ಟಿಲಿಳಿಯಿತು.